ಮಿಷಿಗನ್‌ನ 13 ಕ್ಷೇತ್ರಗಳು ಮತ್ತು ಚುನಾವಣಾ ದೇಣಿಗೆ: ಓದುಗರ ಪ್ರಶ್ನೆಗಳಿಗೆ ಉತ್ತರ

ಅಮೆರಿಕದ ಸಂಸತ್ತಿನ ಕೆಳಮನೆಯ ಎಲ್ಲ 435 ಸ್ಥಾನಗಳಿಗೂ ಎರಡು ವರ್ಷಕ್ಕೊಮ್ಮೆ ಚುನಾವಣೆ ನಡೆಯುತ್ತದೆ. 2026ರ ನವೆಂಬರ್ 3ರ ಚುನಾವಣೆಯ ಬಗ್ಗೆ ಬಂದ ಪತ್ರಗಳಲ್ಲಿ ಹೆಚ್ಚಿನವು ಮಿಷಿಗನ್ ರಾಜ್ಯವನ್ನು ಕುರಿತವು. ಬೆಳಗಾವಿ ಜಿಲ್ಲೆಯಲ್ಲಿ ಹುಟ್ಟಿದವರೊಬ್ಬರು ಆ ರಾಜ್ಯದಿಂದ ಆರಿಸಿ ಹೋಗಿರುವುದೇ ಇದಕ್ಕೆ ಕಾರಣವಿರಬೇಕು. ಹಾಗಾಗಿ ಈ ಸಲದ ಅಂಕಣವನ್ನು ಆ ಒಂದು ರಾಜ್ಯದ ಕ್ಷೇತ್ರಗಳಿಗೆ ಮತ್ತು ಅಲ್ಲಿ ಹರಿಯುವ ಚುನಾವಣಾ ಹಣಕ್ಕೆ ಮೀಸಲಿಟ್ಟಿದ್ದೇನೆ.

ಪ್ರಶ್ನೆ: ನಮ್ಮ ಊರಿನಲ್ಲಿ ಹುಟ್ಟಿದ ಶ್ರೀ ಠಾಣೇದಾರ್ ಅವರು ಅಮೆರಿಕದ ಸಂಸದರಾಗಿದ್ದಾರೆ. ಅವರು ಸ್ವಂತ ಹಣವನ್ನು ಸುರಿದು ಗೆದ್ದರೆಂದು ಕೆಲವರು ಹೇಳುತ್ತಾರೆ, ಜನರ ದೇಣಿಗೆಯಿಂದ ಗೆದ್ದರೆಂದು ಇನ್ನು ಕೆಲವರು. ಯಾವುದು ನಿಜ? ಅಷ್ಟು ಸ್ವಂತ ಹಣ ಹಾಕಲು ಅಲ್ಲಿನ ಕಾನೂನು ಬಿಡುತ್ತದೆಯೇ? (ಓದುಗರು, ಚಿಕ್ಕೋಡಿ)

ಉತ್ತರ: ಮೊದಲ ಮಾತೇ ಹೆಚ್ಚು ನಿಜ, ಮತ್ತು ಕಾನೂನು ಅದಕ್ಕೆ ಯಾವ ಮಿತಿಯನ್ನೂ ಇಟ್ಟಿಲ್ಲ. 1955ರಲ್ಲಿ ಚಿಕ್ಕೋಡಿಯಲ್ಲಿ ಹುಟ್ಟಿ ಬೆಳಗಾವಿಯಲ್ಲಿ ಬೆಳೆದ ಠಾಣೇದಾರ್ ಅವರು ಕರ್ನಾಟಕ ವಿಶ್ವವಿದ್ಯಾಲಯದಿಂದ ರಸಾಯನಶಾಸ್ತ್ರದ ಪದವಿಯನ್ನೂ ಮುಂಬೈ ವಿಶ್ವವಿದ್ಯಾಲಯದಿಂದ ಸ್ನಾತಕೋತ್ತರ ಪದವಿಯನ್ನೂ ಪಡೆದು 1979ರಲ್ಲಿ ಅಮೆರಿಕಕ್ಕೆ ಹೋದರು. ಅಲ್ಲಿ ಆಕ್ರನ್ ವಿಶ್ವವಿದ್ಯಾಲಯದಲ್ಲಿ ಡಾಕ್ಟರೇಟ್ ಮುಗಿಸಿ, ರಾಸಾಯನಿಕ ಪರೀಕ್ಷೆಯ ಪ್ರಯೋಗಾಲಯಗಳನ್ನು ನಡೆಸಿ ಹಣ ಸಂಪಾದಿಸಿದರು, ಒಮ್ಮೆ ಕಳೆದುಕೊಂಡರು, ಮತ್ತೆ ಸಂಪಾದಿಸಿದರು. 2018ರಲ್ಲಿ ಮಿಷಿಗನ್‌ನ ಗವರ್ನರ್ ಹುದ್ದೆಗೆ ಡೆಮಾಕ್ರಟಿಕ್ ಪಕ್ಷದ ಅಭ್ಯರ್ಥಿಯಾಗಲು ಸ್ಪರ್ಧಿಸಿ, ಒಂದು ಕೋಟಿ ಡಾಲರಿಗೂ ಹೆಚ್ಚು ಸ್ವಂತ ಹಣ ಖರ್ಚು ಮಾಡಿ ಮೂರನೆಯವರಾದರು. 2020ರಲ್ಲಿ ಡೆಟ್ರಾಯಿಟ್‌ನಿಂದ ರಾಜ್ಯದ ವಿಧಾನಸಭೆಗೆ ಆಯ್ಕೆಯಾದರು. 2022ರಲ್ಲಿ 13ನೆಯ ಕ್ಷೇತ್ರದಿಂದ ಕೆಳಮನೆಗೆ ಹೋದರು.

ಆ ಗೆಲುವನ್ನು ಅರ್ಥ ಮಾಡಿಕೊಳ್ಳಬೇಕಾದರೆ ಪ್ರೈಮರಿ ಚುನಾವಣೆಯನ್ನು ತಿಳಿಯಬೇಕು. ನಮ್ಮಲ್ಲಿ ಟಿಕೆಟ್ ಯಾರಿಗೆಂದು ಹೈಕಮಾಂಡ್ ತೀರ್ಮಾನಿಸುತ್ತದೆ. ಅಲ್ಲಿ ಅದನ್ನು ಮತದಾರರೇ ಪ್ರೈಮರಿಯಲ್ಲಿ ತೀರ್ಮಾನಿಸುತ್ತಾರೆ. ಮಿಷಿಗನ್‌ನಲ್ಲಿ ಅದು ಆಗಸ್ಟ್ ತಿಂಗಳ ಮೊದಲ ವಾರದಲ್ಲಿ ನಡೆಯುತ್ತದೆ. 13ನೆಯ ಕ್ಷೇತ್ರದಲ್ಲಿ ಡೆಮಾಕ್ರಟರು ನವೆಂಬರಿನಲ್ಲಿ ಸೋಲುವ ಪ್ರಶ್ನೆಯೇ ಇಲ್ಲದಿರುವುದರಿಂದ, ಆಗಸ್ಟಿನಲ್ಲಿ ಗೆದ್ದವರೇ ಸಂಸದರು. 2022ರಲ್ಲಿ ಅಲ್ಲಿ ಅನೇಕರು ಕಣದಲ್ಲಿದ್ದರು. ಠಾಣೇದಾರ್ ಅವರು ಹಲವು ದಶಲಕ್ಷ ಡಾಲರುಗಳಷ್ಟು ಸ್ವಂತ ಹಣವನ್ನು ಪ್ರಚಾರಕ್ಕೆ ಹಾಕಿದರು. ಅವರ ಮುಖ್ಯ ಎದುರಾಳಿ, ರಾಜ್ಯ ಸೆನೆಟ್ ಸದಸ್ಯ ಆ್ಯಡಂ ಹಾಲಿಯರ್ ಅವರ ಪರವಾಗಿ, ಇಸ್ರೇಲ್ ಪರ ಸಂಘಟನೆಯಾದ ಎಐಪಿಎಸಿಯ ಯುನೈಟೆಡ್ ಡೆಮಾಕ್ರಸಿ ಪ್ರಾಜೆಕ್ಟ್ ಎಂಬ ಸೂಪರ್ ಪ್ಯಾಕ್ (ಅಭ್ಯರ್ಥಿಯೊಂದಿಗೆ ಸಮಾಲೋಚಿಸದೆ, ಮಿತಿಯಿಲ್ಲದೆ ಖರ್ಚು ಮಾಡುವ ಸಮಿತಿ) 40 ಲಕ್ಷ ಡಾಲರಿಗೂ ಹೆಚ್ಚು ಖರ್ಚು ಮಾಡಿತು. ಕೊನೆಗೆ ಠಾಣೇದಾರ್ ಅವರಿಗೆ ಸಿಕ್ಕಿದ್ದು ಸುಮಾರು ಶೇ 28 ಮತ. ಎರಡನೆಯ ಸುತ್ತಿನ ಮತದಾನ ಅಲ್ಲಿ ಇಲ್ಲವಾದ್ದರಿಂದ ಅಷ್ಟೇ ಸಾಕಾಯಿತು.

ಈ ಫಲಿತಾಂಶದಿಂದ ಡೆಟ್ರಾಯಿಟ್‌ನಲ್ಲಿ ನೋವು ಉಂಟಾದದ್ದನ್ನೂ ಹೇಳಬೇಕು. ಕರಿಯರೇ ಬಹುಸಂಖ್ಯಾತರಾಗಿರುವ ಆ ನಗರವನ್ನು 1955ರಲ್ಲಿ ಚಾರ್ಲ್ಸ್ ಡಿಗ್ಸ್ ಸಂಸತ್ತಿನಲ್ಲಿ ಪ್ರತಿನಿಧಿಸತೊಡಗಿದ ಮೇಲೆ ಕರಿಯ ಸಂಸದರಿಲ್ಲದ ಕಾಲ ಬಂದದ್ದು 2023ರಲ್ಲಿಯೇ. ಹಲವು ಕರಿಯ ಅಭ್ಯರ್ಥಿಗಳ ನಡುವೆ ಮತ ಒಡೆದುದನ್ನೂ ಒಬ್ಬರ ಸ್ವಂತ ಹಣದ ಬಲವನ್ನೂ ಅಲ್ಲಿನ ಜನ ಒಟ್ಟಿಗೆ ಇಟ್ಟು ನೋಡಿದರು. ನಮ್ಮ ಜಿಲ್ಲೆಯವರು ಗೆದ್ದರೆಂಬ ಸಂತೋಷ ನಮಗೆ ಸಹಜವಾದದ್ದು. ಆದರೆ ಆ ಕ್ಷೇತ್ರದವರ ಅಸಮಾಧಾನಕ್ಕೂ ಗಟ್ಟಿಯಾದ ಆಧಾರವಿತ್ತೆಂಬುದನ್ನು ನಾವು ಮರೆಯಬಾರದು. 2024ರಲ್ಲಿ ಹಾಲಿಯರ್ ಮತ್ತೆ ಸ್ಪರ್ಧಿಸಲು ಹೊರಟರೂ, ನಾಮಪತ್ರಕ್ಕೆ ಬೇಕಾದ 1,000 ಸಿಂಧುವಾದ ಸಹಿಗಳು ಇರಲಿಲ್ಲವೆಂದು ಮತಪತ್ರದಿಂದ ಅವರ ಹೆಸರನ್ನು ಕೈಬಿಡಲಾಯಿತು. ಠಾಣೇದಾರ್ ಅವರು ಅರ್ಧಕ್ಕಿಂತ ಹೆಚ್ಚು ಮತ ಪಡೆದು ಪ್ರೈಮರಿ ಗೆದ್ದರು. 2026ರ ಪ್ರೈಮರಿಗಾಗಿ ಅವರಿಗೆ ಸವಾಲು ಹಾಕಿದವರಲ್ಲಿ ರಾಜ್ಯ ವಿಧಾನಸಭೆಯ ಸದಸ್ಯ ಡಾನವನ್ ಮೆಕಿನ್ನಿ ಒಬ್ಬರು.

ಇನ್ನು ಕಾನೂನಿನ ಮಾತು. 1976ರ ಬಕ್ಲೀ ಪ್ರಕರಣದಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್, ಅಭ್ಯರ್ಥಿ ತನ್ನ ಹಣವನ್ನು ತನ್ನದೇ ಪ್ರಚಾರಕ್ಕೆ ಬಳಸುವುದಕ್ಕೆ ಮಿತಿ ಹಾಕುವುದು ವಾಕ್ ಸ್ವಾತಂತ್ರ್ಯಕ್ಕೆ ವಿರುದ್ಧವೆಂದು ತೀರ್ಪು ಕೊಟ್ಟಿತು. ಆದರೆ ಸ್ವಂತ ಹಣವೆಂದಾಗ ಒಂದು ಸೂಕ್ಷ್ಮವನ್ನು ಗಮನಿಸಬೇಕು. ಅಭ್ಯರ್ಥಿಗಳು ಆ ಹಣವನ್ನು ಸಾಮಾನ್ಯವಾಗಿ ದಾನವಾಗಿ ಕೊಡದೆ ತಮ್ಮ ಪ್ರಚಾರ ಸಮಿತಿಗೆ ಸಾಲವಾಗಿ ಕೊಡುತ್ತಾರೆ. ಚುನಾವಣೆ ಮುಗಿದ ಮೇಲೆ ಬರುವ ದೇಣಿಗೆಯಿಂದ ಆ ಸಾಲವನ್ನು ತೀರಿಸಿಕೊಳ್ಳಲು 2,50,000 ಡಾಲರಿನ ಮಿತಿ ಇತ್ತು. 2022ರ ಮೇ ತಿಂಗಳಿನಲ್ಲಿ, ಸೆನೆಟರ್ ಟೆಡ್ ಕ್ರೂಜ್ ಅವರ ಪ್ರಚಾರ ಸಮಿತಿ ಹೂಡಿದ ಪ್ರಕರಣದಲ್ಲಿ, ಸುಪ್ರೀಂ ಕೋರ್ಟ್ ಈ ಮಿತಿಯನ್ನೂ ರದ್ದುಪಡಿಸಿತು. ಗೆದ್ದವರಿಗೆ ಗೆದ್ದ ಮೇಲೆ ಕೊಡುವ ಹಣ ನೇರವಾಗಿ ಅವರ ಜೇಬಿಗೆ ಹೋದಂತಾಗುತ್ತದೆ ಎಂಬುದು ಭಿನ್ನಮತದ ತೀರ್ಪು ಬರೆದ ನ್ಯಾಯಮೂರ್ತಿ ಎಲೆನಾ ಕೇಗನ್ ಅವರ ವಾದವಾಗಿತ್ತು. ಆ ವಾದವೇ ಸರಿಯೆಂದು ನನ್ನ ಅಭಿಪ್ರಾಯ. ಪ್ರಚಾರದ ವೇಳೆ ಕೊಟ್ಟ ದೇಣಿಗೆ ಭಿತ್ತಿಪತ್ರವಾಗಿ, ಜಾಹೀರಾತಾಗಿ ಖರ್ಚಾಗಿಹೋಗುತ್ತದೆ. ಗೆದ್ದ ಮೇಲೆ ಸಾಲ ತೀರಿಸಲೆಂದು ಕೊಟ್ಟದ್ದು ಅಧಿಕಾರದಲ್ಲಿರುವ ವ್ಯಕ್ತಿಯ ಸ್ವಂತ ಖಾತೆಗೆ ಸೇರುತ್ತದೆ. ಸ್ವಂತ ಹಣದಿಂದ ನಿಂತವರು ಯಾರ ಹಂಗಿನಲ್ಲೂ ಇಲ್ಲವೆಂಬ ನಂಬಿಕೆ, ಆ ಹಣ ಸಾಲದ ರೂಪದಲ್ಲಿದ್ದಾಗ, ಪೂರ್ತಿ ನಿಜವಾಗುವುದಿಲ್ಲ.

ಪ್ರಶ್ನೆ: ಮಿಷಿಗನ್‌ನಲ್ಲಿ 13 ಕ್ಷೇತ್ರಗಳಿದ್ದರೂ ಸುದ್ದಿಯಲ್ಲಿ ಮೂರು ನಾಲ್ಕು ಕ್ಷೇತ್ರಗಳ ಹೆಸರಷ್ಟೇ ಕೇಳುತ್ತದೆ. ಹಣವೂ ಅಲ್ಲಿಗೇ ಹರಿಯುತ್ತದೆಯಂತೆ. ಏಕೆ ಹೀಗೆ? (ಓದುಗರು, ಬೆಂಗಳೂರು)

ಉತ್ತರ: ಫಲಿತಾಂಶ ಮೊದಲೇ ಗೊತ್ತಿರುವ ಕಡೆ ಯಾವ ಪಕ್ಷವೂ ಹಣ ಹಾಕುವುದಿಲ್ಲ. 2020ರ ಜನಗಣತಿಯಲ್ಲಿ ಮಿಷಿಗನ್‌ನ ಜನಸಂಖ್ಯೆ 1,00,77,331 ಎಂದು ಬಂದಾಗ ರಾಜ್ಯ ಒಂದು ಸ್ಥಾನವನ್ನು ಕಳೆದುಕೊಂಡು 14ರಿಂದ 13ಕ್ಕೆ ಇಳಿಯಿತು. ಒಂದೊಂದು ಕ್ಷೇತ್ರದಲ್ಲಿ ಸುಮಾರು 7 ಲಕ್ಷ 75 ಸಾವಿರ ಜನರಿದ್ದಾರೆ. ಗಡಿಗಳನ್ನು ಹಿಂದೆ ರಾಜ್ಯದ ಶಾಸಕರೇ ಗೀಚಿಕೊಳ್ಳುತ್ತಿದ್ದರು. 2018ರಲ್ಲಿ ಮತದಾರರು ಸಂವಿಧಾನ ತಿದ್ದುಪಡಿಯ ಮೂಲಕ ಆ ಅಧಿಕಾರವನ್ನು ಅವರಿಂದ ಕಿತ್ತು, 13 ಸಾಮಾನ್ಯ ನಾಗರಿಕರ ಸ್ವತಂತ್ರ ಆಯೋಗಕ್ಕೆ ಒಪ್ಪಿಸಿದರು: ನಾಲ್ವರು ಡೆಮಾಕ್ರಟರು, ನಾಲ್ವರು ರಿಪಬ್ಲಿಕನ್ನರು, ಯಾವ ಪಕ್ಷಕ್ಕೂ ಸೇರದ ಐವರು. ಆ ಆಯೋಗ ಗೀಚಿದ ನಕ್ಷೆಯ ಮೇಲೆ 2022ರಲ್ಲಿ ಡೆಮಾಕ್ರಟರು ಏಳು, ರಿಪಬ್ಲಿಕನ್ನರು ಆರು ಸ್ಥಾನ ಗೆದ್ದರು. 2024ರಲ್ಲಿ ಅದು ತಿರುಗುಮುರುಗಾಯಿತು. ಎರಡೂ ಪಕ್ಷಗಳು ಸರಿಸಮವಾಗಿರುವ ರಾಜ್ಯವೊಂದರ ನಕ್ಷೆ ಹೀಗೇ ಇರಬೇಕೆಂದು ನನಗೆ ತೋರುತ್ತದೆ.

ನಿಜವಾದ ಪೈಪೋಟಿ ಇರುವುದು ರಾಜಧಾನಿ ಲ್ಯಾನ್ಸಿಂಗ್ ಸುತ್ತಲಿನ 7ನೆಯ ಕ್ಷೇತ್ರ, ಫ್ಲಿಂಟ್ ಮತ್ತು ಸ್ಯಾಗಿನಾವ್ ಇರುವ 8ನೆಯದು, ಡೆಟ್ರಾಯಿಟ್‌ನ ಉತ್ತರಕ್ಕಿರುವ ಮೆಕೋಂಬ್ ಕೌಂಟಿಯ 10ನೆಯದು, ಮತ್ತು ಸ್ವಲ್ಪ ಮಟ್ಟಿಗೆ ಗ್ರ್ಯಾಂಡ್ ರ‍್ಯಾಪಿಡ್ಸ್ ನಗರದ 3ನೆಯದು, ಇಷ್ಟರಲ್ಲಿ. 2022ರಲ್ಲಿ 7ನೆಯ ಕ್ಷೇತ್ರದಲ್ಲಿ ಡೆಮಾಕ್ರಟ್ ಎಲಿಸಾ ಸ್ಲಾಟ್ಕಿನ್ ಮತ್ತು ರಿಪಬ್ಲಿಕನ್ ಟಾಮ್ ಬ್ಯಾರೆಟ್ ನಡುವೆ ನಡೆದದ್ದು ಆ ವರ್ಷ ಇಡೀ ದೇಶದ ಕೆಳಮನೆಯ ಅತಿ ದುಬಾರಿ ಚುನಾವಣೆಗಳಲ್ಲಿ ಒಂದು. 2024ರಲ್ಲಿ ಸ್ಲಾಟ್ಕಿನ್ ಸೆನೆಟ್‌ಗೆ ಸ್ಪರ್ಧಿಸಿದ್ದರಿಂದ ಸ್ಥಾನ ತೆರವಾಯಿತು, ಬ್ಯಾರೆಟ್ ಎರಡನೆಯ ಪ್ರಯತ್ನದಲ್ಲಿ ಗೆದ್ದರು. ಹಾಲಿ ಸದಸ್ಯರಿಲ್ಲದ ಸ್ಥಾನಕ್ಕೆ ಹಣ ಇನ್ನೂ ಹೆಚ್ಚು ಹರಿಯುತ್ತದೆ. 2025ರಲ್ಲಿ 10ನೆಯ ಕ್ಷೇತ್ರದ ಜಾನ್ ಜೇಮ್ಸ್ ಗವರ್ನರ್ ಹುದ್ದೆಗೂ, 11ನೆಯ ಕ್ಷೇತ್ರದ ಹೇಲಿ ಸ್ಟೀವನ್ಸ್ ಸೆನೆಟ್‌ಗೂ ಸ್ಪರ್ಧಿಸುವುದಾಗಿ ಘೋಷಿಸಿದ ಕೂಡಲೇ ಆ ಎರಡೂ ಕಡೆ ಹೊಸ ಅಭ್ಯರ್ಥಿಗಳ ಸಾಲು ನಿಂತದ್ದು ಇದೇ ಕಾರಣಕ್ಕೆ.

ಸುರಕ್ಷಿತ ಕ್ಷೇತ್ರಗಳ ಸದಸ್ಯರು ಹಣ ಸಂಗ್ರಹಿಸುವುದಿಲ್ಲವೆಂದು ಮಾತ್ರ ತಿಳಿಯಬೇಡಿ. ಪ್ರಚಾರ ಸಮಿತಿ ತನ್ನ ಹಣವನ್ನು ಪಕ್ಷದ ರಾಷ್ಟ್ರೀಯ ಸಮಿತಿಗೆ ಎಷ್ಟು ಬೇಕಾದರೂ ವರ್ಗಾಯಿಸಬಹುದು. 9ನೆಯ ಕ್ಷೇತ್ರದ ಲಿಸಾ ಮೆಕ್ಲೇನ್ ಅವರಂತಹ ಪಕ್ಷದ ನಾಯಕರೂ, 5ನೆಯ ಕ್ಷೇತ್ರದ ಟಿಮ್ ವಾಲ್‌ಬರ್ಗ್ ಅವರಂತಹ ಸಂಸದೀಯ ಸಮಿತಿಯ ಅಧ್ಯಕ್ಷರೂ ತಮಗೆ ಬೇಕಾದುದಕ್ಕಿಂತ ಹೆಚ್ಚು ಸಂಗ್ರಹಿಸಿ ಪಕ್ಷಕ್ಕೆ ಕೊಡಬೇಕೆಂಬ ನಿರೀಕ್ಷೆ ಎರಡೂ ಪಕ್ಷಗಳಲ್ಲಿದೆ. ಸಮಿತಿಯೊಂದರ ಮುಂದೆ ಕೆಲಸವಿರುವ ಉದ್ಯಮಗಳು ಅದರ ಅಧ್ಯಕ್ಷರಿಗೆ ದೇಣಿಗೆ ಕೊಡುತ್ತವೆ, ಆ ದೇಣಿಗೆ ಬೇರೊಂದು ಕ್ಷೇತ್ರದ ಜಾಹೀರಾತಾಗಿ ಕಾಣಿಸಿಕೊಳ್ಳುತ್ತದೆ. ಕ್ಷೇತ್ರವಾರು ಲೆಕ್ಕ ನೋಡುವವರು ಈ ಹರಿವನ್ನು ಬಿಟ್ಟುಬಿಡಬಾರದು.

ಪ್ರಶ್ನೆ: ನಾನು ಕಾನೂನು ವಿದ್ಯಾರ್ಥಿ. ಅಮೆರಿಕದಲ್ಲಿ ಒಬ್ಬರು ಒಬ್ಬ ಅಭ್ಯರ್ಥಿಗೆ ಎಷ್ಟು ಕೊಡಬಹುದು? ಮಿತಿ ಇದ್ದ ಮೇಲೆ ಸೂಪರ್ ಪ್ಯಾಕ್‌ಗಳು ಕೋಟಿಗಟ್ಟಲೆ ಖರ್ಚು ಮಾಡುವುದು ಹೇಗೆ? ನಮ್ಮ ನಿಯಮಕ್ಕೂ ಅದಕ್ಕೂ ಏನು ವ್ಯತ್ಯಾಸ? (ಓದುಗರು, ಧಾರವಾಡ)

ಉತ್ತರ: 2025–26ರ ಅವಧಿಗೆ ಒಬ್ಬ ವ್ಯಕ್ತಿ ಒಬ್ಬ ಅಭ್ಯರ್ಥಿಗೆ ಪ್ರತಿ ಚುನಾವಣೆಗೆ 3,500 ಡಾಲರ್ ಕೊಡಬಹುದು. ಪ್ರೈಮರಿ ಒಂದು ಚುನಾವಣೆ, ನವೆಂಬರಿನದು ಇನ್ನೊಂದು. ಹೀಗೆ ಒಟ್ಟು 7,000 ಡಾಲರ್. ಹಿಂದಿನ ಅವಧಿಯಲ್ಲಿ ಇದು 3,300 ಇತ್ತು, ಬೆಲೆಯೇರಿಕೆಗೆ ಅನುಗುಣವಾಗಿ ಬೆಸ ವರ್ಷಗಳಲ್ಲಿ ಏರಿಸುತ್ತಾರೆ. ಕಂಪನಿಗಳೂ ಕಾರ್ಮಿಕ ಸಂಘಗಳೂ ತಮ್ಮ ಖಜಾನೆಯಿಂದ ಅಭ್ಯರ್ಥಿಗೆ ಒಂದು ಡಾಲರನ್ನೂ ಕೊಡುವಂತಿಲ್ಲ. ಕಂಪನಿಗಳ ಮೇಲಿನ ನಿಷೇಧ 1907ರಷ್ಟು ಹಳೆಯದು. ಅವು ತಮ್ಮ ಉದ್ಯೋಗಿಗಳಿಂದ ಅಥವಾ ಸದಸ್ಯರಿಂದ ಸ್ವಇಚ್ಛೆಯ ಹಣ ಕೂಡಿಸುವ ರಾಜಕೀಯ ಕ್ರಿಯಾ ಸಮಿತಿಯನ್ನು ಕಟ್ಟಬಹುದು. ಅದನ್ನೇ ಪ್ಯಾಕ್ ಎನ್ನುವುದು. ಅನೇಕ ಅಭ್ಯರ್ಥಿಗಳಿಗೆ ಹಣ ಹಂಚುವ ಅಂತಹ ಪ್ಯಾಕ್ ಒಬ್ಬ ಅಭ್ಯರ್ಥಿಗೆ ಪ್ರತಿ ಚುನಾವಣೆಗೆ 5,000 ಡಾಲರ್ ಕೊಡಬಹುದು.

ಸೂಪರ್ ಪ್ಯಾಕ್ ಹುಟ್ಟಿದ್ದು 2010ರಲ್ಲಿ. ಆ ವರ್ಷ ಸಿಟಿಜನ್ಸ್ ಯುನೈಟೆಡ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಅಭ್ಯರ್ಥಿಯೊಂದಿಗೆ ಸಮಾಲೋಚಿಸದೆ ಸ್ವತಂತ್ರವಾಗಿ ಖರ್ಚು ಮಾಡುವುದನ್ನು ಕಂಪನಿಗಳಿಗೂ ನಿಷೇಧಿಸಲಾಗದು ಎಂದಿತು. ಅದರ ಬೆನ್ನಲ್ಲೇ ಸ್ಪೀಚ್‌ನೌ ಪ್ರಕರಣದಲ್ಲಿ ಮೇಲ್ಮನವಿ ನ್ಯಾಯಾಲಯ, ಸ್ವತಂತ್ರ ಖರ್ಚನ್ನಷ್ಟೇ ಮಾಡುವ ಸಮಿತಿಗೆ ಬರುವ ದೇಣಿಗೆಗೂ ಮಿತಿ ಹಾಕಲಾಗದು ಎಂದಿತು. ಅಭ್ಯರ್ಥಿಯ ಕೈಗೆ ಕೊಡುವ ಹಣಕ್ಕೆ ಮಿತಿಯಿದೆ, ಅದೇ ಅಭ್ಯರ್ಥಿಯ ಹೆಸರು ಹೊತ್ತ ಜಾಹೀರಾತಿಗೆ ಹೊರಗಿನಿಂದ ಹಾಕುವ ಹಣಕ್ಕೆ ಮಿತಿಯಿಲ್ಲ.

ನಮ್ಮ ವ್ಯವಸ್ಥೆ ಇದರ ನೇರ ವಿರುದ್ಧ ದಿಕ್ಕಿನಲ್ಲಿದೆ. ಲೋಕಸಭಾ ಅಭ್ಯರ್ಥಿಯ ಖರ್ಚಿಗೆ ಕರ್ನಾಟಕದಂತಹ ದೊಡ್ಡ ರಾಜ್ಯಗಳಲ್ಲಿ 95 ಲಕ್ಷ ರೂಪಾಯಿಯ ಮಿತಿ ಇದೆ, ಆದರೆ ವ್ಯಕ್ತಿಯೊಬ್ಬರು ಪಕ್ಷಕ್ಕೆ ಕೊಡುವ ದೇಣಿಗೆಗೆ ಮಿತಿಯಿಲ್ಲ. ಪಕ್ಷದ ಸಾಮಾನ್ಯ ಪ್ರಚಾರದ ಖರ್ಚಿಗೂ ಇಲ್ಲ. ಅಲ್ಲಿ ಕೊಡುವುದಕ್ಕೆ ಮಿತಿ, ಖರ್ಚಿಗೆ ಇಲ್ಲ. ಇಲ್ಲಿ ಅಭ್ಯರ್ಥಿಯ ಖರ್ಚಿಗೆ ಮಿತಿ, ಕೊಡುವುದಕ್ಕೆ ಇಲ್ಲ. ಚುನಾವಣಾ ಬಾಂಡ್‌ಗಳನ್ನು ನಮ್ಮ ಸುಪ್ರೀಂ ಕೋರ್ಟ್ 2024ರ ಫೆಬ್ರವರಿ 15ರಂದು ರದ್ದುಪಡಿಸಿದಾಗ ಎತ್ತಿಹಿಡಿದದ್ದು ಮತದಾರರ ತಿಳಿಯುವ ಹಕ್ಕನ್ನು. ವಿದ್ಯಾರ್ಥಿಯಾದ ನೀವು ಬಕ್ಲೀ ತೀರ್ಪಿನಲ್ಲಿ ಬಹಿರಂಗಪಡಿಸುವಿಕೆಯ ಕುರಿತ ಭಾಗವನ್ನು ನಮ್ಮ ಬಾಂಡ್ ತೀರ್ಪಿನ ಜೊತೆಗಿಟ್ಟು ಓದಿದರೆ, ಎರಡೂ ನ್ಯಾಯಾಲಯಗಳು ಕೂಡುವ ಬಿಂದು ಅಲ್ಲಿಯೇ ಇದೆಯೆಂದು ಕಾಣುತ್ತದೆ.

ಪ್ರಶ್ನೆ: ನಾನು ಎಚ್-1ಬಿ ವೀಸಾದಲ್ಲಿ ಮಿಷಿಗನ್‌ನಲ್ಲಿ ಇದ್ದೇನೆ, ಪತ್ನಿಗೆ ಗ್ರೀನ್ ಕಾರ್ಡ್ ಇದೆ. ಪರಿಚಯದವರೊಬ್ಬರು ಅಭ್ಯರ್ಥಿಗಾಗಿ ಮನೆಯಲ್ಲಿ ದೇಣಿಗೆ ಕೂಟ ಇಟ್ಟುಕೊಂಡು ನಮ್ಮನ್ನು ಕರೆದಿದ್ದಾರೆ. ನಾವು ದೇಣಿಗೆ ಕೊಡಬಹುದೇ? ಕನ್ನಡ ಕೂಟದ ವತಿಯಿಂದ ಬೆಂಬಲ ಸೂಚಿಸಬಹುದೇ? (ಓದುಗರು, ಟ್ರಾಯ್, ಮಿಷಿಗನ್)

ಉತ್ತರ: ನೀವು ಕೊಡಬಾರದು, ನಿಮ್ಮ ಪತ್ನಿ ಕೊಡಬಹುದು. ಪೌರತ್ವವಾಗಲಿ ಕಾಯಂ ವಾಸದ ಹಕ್ಕಾಗಲಿ ಇಲ್ಲದ ವಿದೇಶೀಯರು ಅಮೆರಿಕದ ಯಾವುದೇ ಚುನಾವಣೆಗೆ, ಅದು ಸಂಸತ್ತಿನದಾಗಲಿ, ರಾಜ್ಯದ್ದಾಗಲಿ, ಊರಿನ ಶಾಲಾ ಮಂಡಳಿಯದ್ದಾಗಲಿ, ನೇರವಾಗಿಯೂ ಪರೋಕ್ಷವಾಗಿಯೂ ಹಣ ಕೊಡುವಂತಿಲ್ಲ. ಎಷ್ಟು ವರ್ಷದಿಂದ ಅಲ್ಲಿ ತೆರಿಗೆ ಕಟ್ಟುತ್ತಿದ್ದೀರಿ ಎಂಬುದು ಗಣನೆಗೆ ಬರುವುದಿಲ್ಲ. ಗ್ರೀನ್ ಕಾರ್ಡ್ ಇರುವವರು ದೇಣಿಗೆ ಕೊಡಬಹುದು, ಮತ ಹಾಕುವಂತಿಲ್ಲ.

ಇಲ್ಲಿ ನಮ್ಮವರು ಎಡವುವ ಸಂಭವ ಹೆಚ್ಚಾಗಿರುವುದರಿಂದ ಬಿಡಿಸಿ ಹೇಳುತ್ತೇನೆ. ನಿಮ್ಮ ಹಣವನ್ನು ಪತ್ನಿಯ ಹೆಸರಿನಲ್ಲಿ ಕೊಡಿಸುವುದು ಅಪರಾಧ, ಏಕೆಂದರೆ ಇನ್ನೊಬ್ಬರ ಹೆಸರಿನಲ್ಲಿ ದೇಣಿಗೆ ಕೊಡುವುದನ್ನೇ ಕಾನೂನು ಪ್ರತ್ಯೇಕವಾಗಿ ನಿಷೇಧಿಸಿದೆ. ಅವರು ಕೊಡುವುದಾದರೆ ಅದು ಅವರದೇ ಹಣವಾಗಿರಬೇಕು, ಅವರದೇ ತೀರ್ಮಾನವಾಗಿರಬೇಕು. ಎಷ್ಟು ಕೊಡಬೇಕು, ಯಾರಿಗೆ ಕೊಡಬೇಕೆಂದು ನೀವು ಹೇಳಿಕೊಟ್ಟು ಕೊಡಿಸುವುದೂ ಸಲ್ಲದು. ಉದ್ಯೋಗದಾತರು "ನೀವು ಕೊಡಿ, ಆಮೇಲೆ ಬೋನಸ್‌ನಲ್ಲಿ ತುಂಬಿಕೊಡುತ್ತೇವೆ" ಎಂದರೆ ಅದೂ ಇದೇ ನಿಷೇಧದಡಿ ಬರುತ್ತದೆ. ವೀಸಾದಲ್ಲಿರುವವರಿಗೆ ಇಂತಹ ಪ್ರಕರಣ ದಂಡದೊಂದಿಗೆ ಮುಗಿಯದೆ ಮುಂದಿನ ವಲಸೆ ಅರ್ಜಿಯವರೆಗೂ ಬೆನ್ನುಹತ್ತಬಹುದು. ಒಂದು ನೂರು ಡಾಲರಿಗಾಗಿ ಅಷ್ಟು ದೊಡ್ಡ ಅಪಾಯವನ್ನು ಮೈಮೇಲೆ ಎಳೆದುಕೊಳ್ಳಬೇಡಿ.

ನಿಮಗೆ ತೆರೆದಿರುವ ದಾರಿಯೂ ಒಂದಿದೆ. ಸಂಬಳವಿಲ್ಲದೆ ಸ್ವಯಂಸೇವಕರಾಗಿ ನೀವು ಪ್ರಚಾರದಲ್ಲಿ ಕೆಲಸ ಮಾಡಬಹುದು: ಮನೆಮನೆಗೆ ಹೋಗಬಹುದು, ಫೋನ್ ಮಾಡಬಹುದು. ಆದರೆ ಹಣ ಎಲ್ಲಿ ಖರ್ಚಾಗಬೇಕೆಂಬ ತೀರ್ಮಾನಗಳಲ್ಲಿ ಭಾಗವಹಿಸುವಂತಿಲ್ಲ. ಪ್ರವೇಶಕ್ಕೆ ಹಣ ಕೊಡಬೇಕಿಲ್ಲವೆಂದರೆ ಆ ಕೂಟಕ್ಕೂ ಹೋಗಬಹುದು. ಅದನ್ನು ಏರ್ಪಡಿಸುವವರು ಊಟ ಉಪಚಾರಕ್ಕೆ ತಲಾ 1,000 ಡಾಲರಿನವರೆಗೆ ಮಾಡುವ ಖರ್ಚು ದೇಣಿಗೆಯ ಲೆಕ್ಕಕ್ಕೆ ಸೇರುವುದಿಲ್ಲ. ಆ ಖರ್ಚಿನಲ್ಲಿ ನೀವು ಪಾಲು ಹಾಕಬೇಡಿ.

ಕನ್ನಡ ಕೂಟದ ವಿಷಯ: ದತ್ತಿ ಸಂಸ್ಥೆಯೆಂದು ತೆರಿಗೆ ವಿನಾಯಿತಿ ಪಡೆದ ಯಾವುದೇ ಸಂಘ ಒಬ್ಬ ಅಭ್ಯರ್ಥಿಯ ಪರವಾಗಲಿ ವಿರುದ್ಧವಾಗಲಿ ನಿಲ್ಲುವಂತಿಲ್ಲ. ಎಲ್ಲ ಅಭ್ಯರ್ಥಿಗಳನ್ನೂ ಸಮಾನವಾಗಿ ಕರೆದು ಪ್ರಶ್ನೋತ್ತರ ನಡೆಸಬಹುದು, ಮತದಾರರ ನೋಂದಣಿಗೆ ಪಕ್ಷಾತೀತವಾಗಿ ನೆರವಾಗಬಹುದು. ರಾಜ್ಯೋತ್ಸವದ ವೇದಿಕೆಯಲ್ಲಿ ಚುನಾವಣೆಯ ಹೊಸ್ತಿಲಲ್ಲಿರುವ ಒಬ್ಬರನ್ನೇ ಕೂರಿಸಿ ಮತ ಕೇಳಿಸುವುದು ಸಂಘದ ತೆರಿಗೆ ವಿನಾಯಿತಿಗೇ ಕುತ್ತು ತರಬಲ್ಲದು. ನವೆಂಬರ್ ತಿಂಗಳಿನಲ್ಲಿ ರಾಜ್ಯೋತ್ಸವವೂ ಚುನಾವಣೆಯೂ ಒಟ್ಟಿಗೇ ಬರುವುದರಿಂದ ಪದಾಧಿಕಾರಿಗಳು ಈ ಎಚ್ಚರವನ್ನು ಮೊದಲೇ ವಹಿಸುವುದು ಒಳ್ಳೆಯದು.

ಪ್ರಶ್ನೆ: ಒಂದು ಪಕ್ಷ ಎದುರು ಪಕ್ಷದ ಅಭ್ಯರ್ಥಿಯನ್ನು ಗೆಲ್ಲಿಸಲು ಹಣ ಖರ್ಚು ಮಾಡಿದ ಉದಾಹರಣೆ ಮಿಷಿಗನ್‌ನಲ್ಲಿ ಇದೆಯೆಂದು ಕೇಳಿದೆ. ಇದು ಸಾಧ್ಯವೇ? (ಓದುಗರು, ಶಿವಮೊಗ್ಗ)

ಉತ್ತರ: ಇದು ನಡೆದ ಸಂಗತಿ. 3ನೆಯ ಕ್ಷೇತ್ರದ ರಿಪಬ್ಲಿಕನ್ ಸಂಸದರಾಗಿದ್ದ ಪೀಟರ್ ಮೈಯರ್, 2021ರ ಜನವರಿ 6ರಂದು ಸಂಸತ್ ಭವನದ ಮೇಲೆ ನಡೆದ ದಾಳಿಯ ನಂತರ, ಡೊನಾಲ್ಡ್ ಟ್ರಂಪ್ ಅವರ ವಾಗ್ದಂಡನೆಯ ಪರವಾಗಿ ಮತ ಹಾಕಿದ ಹತ್ತು ಮಂದಿ ರಿಪಬ್ಲಿಕನ್ ಸದಸ್ಯರಲ್ಲಿ ಒಬ್ಬರು. ಆಗ ಅವರು ಸಂಸತ್ತಿಗೆ ಬಂದು ಕೆಲವೇ ದಿನಗಳಾಗಿದ್ದವು. 2022ರ ಪ್ರೈಮರಿಯಲ್ಲಿ ಟ್ರಂಪ್ ಬೆಂಬಲ ಪಡೆದ ಜಾನ್ ಗಿಬ್ಸ್ ಅವರ ವಿರುದ್ಧ ನಿಂತರು. ಪ್ರೈಮರಿ ಹತ್ತಿರವಾದಾಗ ಡೆಮಾಕ್ರಟಿಕ್ ಪಕ್ಷದ ಕೆಳಮನೆ ಪ್ರಚಾರ ಸಮಿತಿ ನಾಲ್ಕು ಲಕ್ಷ ಡಾಲರಿಗೂ ಹೆಚ್ಚು ವೆಚ್ಚದಲ್ಲಿ ಟಿವಿ ಜಾಹೀರಾತೊಂದನ್ನು ಪ್ರಸಾರ ಮಾಡಿತು. ಗಿಬ್ಸ್ ಅತಿಯಾದ ಸಂಪ್ರದಾಯವಾದಿ, ಟ್ರಂಪ್ ಅವರ ಆಯ್ಕೆ ಎಂದು ಅದು ಮೇಲ್ನೋಟಕ್ಕೆ ಟೀಕಿಸುತ್ತಿತ್ತು. ರಿಪಬ್ಲಿಕನ್ ಮತದಾರರ ಕಿವಿಗೆ ಅದು ಪ್ರಶಂಸೆಯಾಗಿಯೇ ಕೇಳಿಸುವಂತಿತ್ತು. ಗಿಬ್ಸ್ ಸುಮಾರು ಶೇ 52 ಮತ ಪಡೆದು ಮೈಯರ್ ಅವರನ್ನು ಸೋಲಿಸಿದರು. ನವೆಂಬರಿನಲ್ಲಿ ಡೆಮಾಕ್ರಟಿಕ್ ಅಭ್ಯರ್ಥಿ ಹಿಲರಿ ಶೋಲ್ಟನ್ ಗಿಬ್ಸ್ ಅವರನ್ನು ಸುಲಭವಾಗಿ ಸೋಲಿಸಿ, 2024ರಲ್ಲೂ ಸ್ಥಾನ ಉಳಿಸಿಕೊಂಡರು.

ಲೆಕ್ಕಾಚಾರ ಫಲಿಸಿತು, ಕಾನೂನೂ ಮುರಿಯಲಿಲ್ಲ. ಆದರೂ ಇದನ್ನು ನಾನು ಸಮರ್ಥಿಸಲಾರೆ. ತನ್ನ ಪಕ್ಷದ ಸಿಟ್ಟನ್ನು ಎದುರಿಸಿ ಆತ್ಮಸಾಕ್ಷಿಯಂತೆ ಮತ ಹಾಕಿದ ಒಬ್ಬ ಸದಸ್ಯನನ್ನು ಕೆಳಗಿಳಿಸಲು, ಆ ಮತವನ್ನು ಬಹಿರಂಗವಾಗಿ ಮೆಚ್ಚಿದ ಪಕ್ಷವೇ ಹಣ ಹಾಕಿದರೆ, ಮುಂದೆ ಅಂತಹ ಮತ ಹಾಕಬೇಕಾದವರು ಏನನ್ನು ಕಲಿಯುತ್ತಾರೆ? ಆ ಹಣ ಕೊಟ್ಟವರಲ್ಲಿ ಸಾವಿರಾರು ಮಂದಿ ಸಣ್ಣ ದೇಣಿಗೆದಾರರಿದ್ದಿರಬೇಕು, ಮತ್ತು ತಮ್ಮ ಹಣ ಗಿಬ್ಸ್ ಅವರಿಗೆ ನೆರವಾಗುತ್ತದೆಂದು ಅವರು ಊಹಿಸಿರಲಾರರು. ಅಭ್ಯರ್ಥಿಗೆ ನೇರವಾಗಿ ಕೊಟ್ಟ ದೇಣಿಗೆಗೂ ಪಕ್ಷದ ಸಮಿತಿಗೆ ಕೊಟ್ಟ ದೇಣಿಗೆಗೂ ಇರುವ ದೊಡ್ಡ ವ್ಯತ್ಯಾಸ ಇದು.

ಅದೇ ಪ್ರೈಮರಿಯ ದಿನ ಡೆಟ್ರಾಯಿಟ್ ಪಕ್ಕದ ಓಕ್ಲೆಂಡ್ ಕೌಂಟಿಯ 11ನೆಯ ಕ್ಷೇತ್ರದಲ್ಲಿ ಇನ್ನೊಂದು ಬಗೆಯ ಹೊರಗಿನ ಹಣ ಕೆಲಸ ಮಾಡಿತು. ರಾಜ್ಯಕ್ಕೆ ಒಂದು ಸ್ಥಾನ ಕಡಿಮೆಯಾದ್ದರಿಂದ ಇಬ್ಬರು ಹಾಲಿ ಡೆಮಾಕ್ರಟಿಕ್ ಸಂಸದರು, ಹೇಲಿ ಸ್ಟೀವನ್ಸ್ ಮತ್ತು ಆ್ಯಂಡಿ ಲೆವಿನ್, ಪರಸ್ಪರ ಎದುರಾದರು. ಇಲ್ಲಿಯೂ ಯುನೈಟೆಡ್ ಡೆಮಾಕ್ರಸಿ ಪ್ರಾಜೆಕ್ಟ್ ಸ್ಟೀವನ್ಸ್ ಪರವಾಗಿ 40 ಲಕ್ಷ ಡಾಲರಿಗೂ ಹೆಚ್ಚು ಸುರಿಯಿತು, ಅವರು ದೊಡ್ಡ ಅಂತರದಿಂದ ಗೆದ್ದರು. ಒಂದೇ ಸಂಘಟನೆಯ ಹೆಚ್ಚುಕಡಿಮೆ ಅಷ್ಟೇ ಹಣ 11ರಲ್ಲಿ ಗೆದ್ದು 13ರಲ್ಲಿ ಸೋತಿತು. ಪ್ರೈಮರಿಗಳಲ್ಲಿ ಮತದಾನ ಕಡಿಮೆ, ಎಲ್ಲ ಅಭ್ಯರ್ಥಿಗಳೂ ಒಂದೇ ಪಕ್ಷದವರು, ಜನರಿಗೆ ಅವರ ಹೆಸರೇ ಸರಿಯಾಗಿ ಗೊತ್ತಿರುವುದಿಲ್ಲ. ಆದ್ದರಿಂದ ಹಣದ ಪ್ರಭಾವ ನವೆಂಬರಿಗಿಂತ ಆಗಸ್ಟಿನಲ್ಲಿ ಬಹಳ ಹೆಚ್ಚು. ಸುದ್ದಿಯವರು ನವೆಂಬರನ್ನು ಕಾಯುತ್ತಿರುವಾಗ, ಒಟ್ಟು 13 ಕ್ಷೇತ್ರಗಳಲ್ಲಿ ಹೆಚ್ಚಿನವುಗಳ ತೀರ್ಮಾನ ಆಗಸ್ಟಿನಲ್ಲೇ ಆಗಿಹೋಗಿರುತ್ತದೆ.

ಪ್ರಶ್ನೆ: ಹಾಗಾದರೆ ಹೆಚ್ಚು ಹಣ ಇದ್ದವರೇ ಗೆಲ್ಲುತ್ತಾರೆ ಎಂದಾಯಿತಲ್ಲವೇ? (ಓದುಗರು, ದಾವಣಗೆರೆ)

ಉತ್ತರ: ಹಾಗೆಂದು ಮಿಷಿಗನ್ ಹೇಳುವುದಿಲ್ಲ. 10ನೆಯ ಕ್ಷೇತ್ರದಲ್ಲಿ 2022ರಲ್ಲಿ ರಿಪಬ್ಲಿಕನ್ ಜಾನ್ ಜೇಮ್ಸ್ ಅವರ ಬಳಿ ಡೆಮಾಕ್ರಟ್ ಕಾರ್ಲ್ ಮಾರ್ಲಿಂಗಾ ಅವರಿಗಿಂತ ಹಲವು ಪಟ್ಟು ಹಣವಿತ್ತು. ಡೆಮಾಕ್ರಟಿಕ್ ಪಕ್ಷದ ರಾಷ್ಟ್ರೀಯ ಸಂಸ್ಥೆಗಳು ಆ ಕ್ಷೇತ್ರದ ಆಸೆಯನ್ನು ಬಹುಮಟ್ಟಿಗೆ ಕೈಬಿಟ್ಟಿದ್ದವು. ಮತ ಎಣಿಸಿದಾಗ ಅಂತರ ಸುಮಾರು 1,600 ಮಾತ್ರ. ಹಣ ಹಂಚುವವರ ಅಂದಾಜು ತಪ್ಪಿದ್ದರಿಂದ ಗೆಲ್ಲಬಹುದಾಗಿದ್ದ ಸ್ಥಾನ ಕೈತಪ್ಪಿತು ಎಂದು ಆ ಪಕ್ಷದವರು ಪರಿತಪಿಸಿದರು. 2024ರಲ್ಲಿ ಅದೇ ಇಬ್ಬರು ಮತ್ತೆ ಎದುರಾದಾಗ ಜೇಮ್ಸ್ ಸುಮಾರು ಆರು ಶೇಕಡಾ ಅಂಶಗಳ ಅಂತರದಿಂದ ಗೆದ್ದರು. 7ನೆಯ ಕ್ಷೇತ್ರದಲ್ಲಿ 2024ರಲ್ಲಿ ಬ್ಯಾರೆಟ್ ಅವರಿಗಿಂತ ಡೆಮಾಕ್ರಟ್ ಕರ್ಟಿಸ್ ಹರ್ಟೆಲ್ ಅವರ ಪ್ರಚಾರ ಸಮಿತಿಯೇ ಹೆಚ್ಚು ಹಣ ಸಂಗ್ರಹಿಸಿತ್ತು, ಸೋತವರು ಹರ್ಟೆಲ್. ಠಾಣೇದಾರ್ ಅವರ 2018ರ ಸೋಲನ್ನು ಮೇಲೆ ಹೇಳಿದ್ದೇನೆ.

ಗೆಲ್ಲುವವರಿಗೆ ಹಣ ಹರಿಯುವುದೂ ಉಂಟು, ಹಣದಿಂದ ಗೆಲ್ಲುವುದೂ ಉಂಟು. ಅಂಕಿಅಂಶಗಳಲ್ಲಿ ಇವೆರಡನ್ನೂ ಬೇರ್ಪಡಿಸುವುದು ಕಷ್ಟ. ಒಂದು ಮಟ್ಟದವರೆಗೆ ಹಣ ಅನಿವಾರ್ಯ: ಅಭ್ಯರ್ಥಿಯೆಂದು ಒಬ್ಬರಿದ್ದಾರೆಂದು ಏಳೂಮುಕ್ಕಾಲು ಲಕ್ಷ ಜನರಿಗೆ ತಿಳಿಸಲೇಬೇಕು. ಆ ಮಟ್ಟ ದಾಟಿದ ಮೇಲೆ ಹತ್ತನೆಯ ಜಾಹೀರಾತು ಮೊದಲನೆಯದರಷ್ಟು ಕೆಲಸ ಮಾಡುವುದಿಲ್ಲ. ಎಲ್ಲ ಡಾಲರುಗಳಿಗೂ ಒಂದೇ ಬೆಲೆಯೂ ಇಲ್ಲ. ಪ್ರೈಮರಿಗೆ ಮುಂಚಿನ 45 ದಿನ ಮತ್ತು ನವೆಂಬರಿನ ಚುನಾವಣೆಗೆ ಮುಂಚಿನ 60 ದಿನ ಟಿವಿ ಕೇಂದ್ರಗಳು ಅಭ್ಯರ್ಥಿಗಳಿಗೆ ತಮ್ಮ ಅತಿ ಕಡಿಮೆ ದರದಲ್ಲಿ ಜಾಹೀರಾತಿನ ಸಮಯ ಕೊಡಲೇಬೇಕು. ಸೂಪರ್ ಪ್ಯಾಕ್‌ಗೆ ಆ ರಿಯಾಯಿತಿ ಇಲ್ಲ. ಆದ್ದರಿಂದ ಅಭ್ಯರ್ಥಿಯ ಕೈಯಲ್ಲಿರುವ ಹತ್ತು ಲಕ್ಷ ಡಾಲರ್ ಹೊರಗಿನವರ ಹತ್ತು ಲಕ್ಷಕ್ಕಿಂತ ಹೆಚ್ಚು ಸಮಯವನ್ನು ಕೊಳ್ಳುತ್ತದೆ.

ಪ್ರಶ್ನೆ: ಚುನಾವಣೆ ಮುಗಿದ ಮೇಲೆ ಉಳಿದ ದೇಣಿಗೆ ಯಾರಿಗೆ? (ಓದುಗರು, ಹುಬ್ಬಳ್ಳಿ)

ಉತ್ತರ: ಸ್ವಂತಕ್ಕೆ ಬಳಸುವಂತಿಲ್ಲ, ಮನೆ ಬಾಡಿಗೆ, ಬಟ್ಟೆ, ರಜಾ ಪ್ರವಾಸ ಇವೆಲ್ಲ ನಿಷಿದ್ಧ. ದತ್ತಿ ಸಂಸ್ಥೆಗೆ ಕೊಡಬಹುದು, ಪಕ್ಷಕ್ಕೆ ವರ್ಗಾಯಿಸಬಹುದು, ಮುಂದಿನ ಚುನಾವಣೆಗೆ ಇಟ್ಟುಕೊಳ್ಳಬಹುದು. ಕೆಳಮನೆಗೆಂದು ಸಂಗ್ರಹಿಸಿದ್ದನ್ನು ಸೆನೆಟ್ ಸ್ಪರ್ಧೆಗೂ ಬಳಸಬಹುದು. ಸ್ಟೀವನ್ಸ್ ಅವರಂತಹ ಹಾಲಿ ಸಂಸದರಿಗೆ ಸೆನೆಟ್ ಸ್ಪರ್ಧೆಯಲ್ಲಿ ಆರಂಭದಲ್ಲೇ ಅನುಕೂಲವಾಗುವುದು ಹೀಗೆ.

ಪ್ರಶ್ನೆ: ಈ ಲೆಕ್ಕಗಳನ್ನು ಸಾಮಾನ್ಯರು ನೋಡಬಹುದೇ? ನೋಡಿದರೆ ಯಾವುದನ್ನು ಗಮನಿಸಬೇಕು? (ಓದುಗರು, ಮೈಸೂರು)

ಉತ್ತರ: ಯಾರು ಬೇಕಾದರೂ, ಮೈಸೂರಿನಲ್ಲಿ ಕುಳಿತೂ, ಉಚಿತವಾಗಿ ನೋಡಬಹುದು. 1974ರ ಕಾನೂನಿನಿಂದ ರಚಿತವಾದ ಫೆಡರಲ್ ಚುನಾವಣಾ ಆಯೋಗದ ಜಾಲತಾಣದಲ್ಲಿ ರಾಜ್ಯ ಮತ್ತು ಕ್ಷೇತ್ರದ ಸಂಖ್ಯೆ ಕೊಟ್ಟರೆ ಎಲ್ಲ ಅಭ್ಯರ್ಥಿಗಳ ವರದಿಗಳೂ ಸಿಗುತ್ತವೆ. ಚುನಾವಣೆಯ ವರ್ಷದಲ್ಲಿ ಏಪ್ರಿಲ್ 15, ಜುಲೈ 15, ಅಕ್ಟೋಬರ್ 15 ಮತ್ತು ಮುಂದಿನ ಜನವರಿ 31 ವರದಿ ಸಲ್ಲಿಸುವ ದಿನಗಳು; ಮತದಾನಕ್ಕೆ 12 ದಿನ ಮೊದಲು ಇನ್ನೊಂದು ವರದಿ ಕೊಡಬೇಕು. ಕೊನೆಯ ದಿನಗಳಲ್ಲಿ ಬರುವ 1,000 ಡಾಲರ್ ಅಥವಾ ಅದಕ್ಕಿಂತ ಹೆಚ್ಚಿನ ದೇಣಿಗೆಯನ್ನು 48 ಗಂಟೆಯೊಳಗೆ ತಿಳಿಸಬೇಕು. ಒಬ್ಬರಿಂದ ಬಂದ ಮೊತ್ತ 200 ಡಾಲರ್ ದಾಟಿದರೆ ಅವರ ಹೆಸರು, ವಿಳಾಸ, ವೃತ್ತಿ, ಉದ್ಯೋಗದಾತರ ಹೆಸರು ದಾಖಲಾಗುತ್ತದೆ. ಆಕ್ಟ್‌ಬ್ಲೂ, ವಿನ್‌ರೆಡ್‌ನಂತಹ ದೇಣಿಗೆ ಸಂಗ್ರಹದ ಜಾಲತಾಣಗಳ ಮೂಲಕ ಕೊಟ್ಟ ಹತ್ತು ಡಾಲರ್ ಕೂಡ ಆ ಸಂಸ್ಥೆಗಳ ವರದಿಯಲ್ಲಿ ಕಾಣಿಸುತ್ತದೆ. ಈ ಪಟ್ಟಿಯಿಂದ ವ್ಯಕ್ತಿಗಳ ಹೆಸರು ತೆಗೆದುಕೊಂಡು ದೇಣಿಗೆ ಕೇಳುವುದಾಗಲಿ ವ್ಯಾಪಾರಕ್ಕೆ ಬಳಸುವುದಾಗಲಿ ಕಾನೂನಿಗೆ ವಿರುದ್ಧ.

ಸುದ್ದಿಯಲ್ಲಿ ಬರುವ "ಒಟ್ಟು ಸಂಗ್ರಹ" ಎಂಬ ಒಂದೇ ಅಂಕಿಗೆ ನಿಲ್ಲಬೇಡಿ. ಆ ಒಟ್ಟು ಮೊತ್ತದಲ್ಲಿ ಅಭ್ಯರ್ಥಿಯ ಸ್ವಂತ ಸಾಲವೂ ಸೇರಿರುತ್ತದೆ, ಅದನ್ನು ಕಳೆದು ನೋಡಿ. ಆಮೇಲೆ ಕೈಯಲ್ಲಿ ಉಳಿದಿರುವ ಹಣ, ತೀರಿಸಬೇಕಾದ ಸಾಲ, ಸಣ್ಣ ದೇಣಿಗೆ ಮತ್ತು ಪ್ಯಾಕ್ ದೇಣಿಗೆಯ ಪ್ರಮಾಣ, ರಾಜ್ಯದ ಹೊರಗಿನಿಂದ ಬಂದದ್ದು ಎಷ್ಟು ಎಂಬುದನ್ನು ನೋಡಿ. ಹೊರಗಿನ ಸಂಸ್ಥೆಗಳ ಖರ್ಚು ಅಭ್ಯರ್ಥಿಯ ವರದಿಯಲ್ಲಿ ಇರುವುದಿಲ್ಲ. ಸ್ವತಂತ್ರ ಖರ್ಚು ಎಂಬ ಬೇರೆ ವಿಭಾಗದಲ್ಲಿ, ಯಾರ ಪರ, ಯಾರ ವಿರುದ್ಧ ಎಂಬ ವಿವರದೊಂದಿಗೆ ಇರುತ್ತದೆ. ಮತದಾನ ಹತ್ತಿರವಾದಾಗ ಅದು 24 ಗಂಟೆಯೊಳಗೆ ಬರಬೇಕು.

ಒಂದು ಬಿರುಕು ಮಾತ್ರ ಇನ್ನೂ ಮುಚ್ಚಿಲ್ಲ. ಪ್ರೈಮರಿಗೆ ಕೆಲವೇ ವಾರ ಮೊದಲು ಹೊಸ ಹೆಸರಿನ ಸೂಪರ್ ಪ್ಯಾಕ್ ಹುಟ್ಟಿಕೊಂಡರೆ, ಅದು ಎಷ್ಟು ಖರ್ಚು ಮಾಡಿತೆಂಬುದು ಕೂಡಲೇ ತಿಳಿಯುತ್ತದೆ. ಆದರೆ ಅದಕ್ಕೆ ಹಣ ಕೊಟ್ಟವರು ಯಾರೆಂಬ ವರದಿ ಮತದಾನ ಮುಗಿದ ಮೇಲೆ ಬರುವಂತೆ ದಿನಾಂಕ ಹೊಂದಿಸಿಕೊಳ್ಳಬಹುದು. ಆರು ಸದಸ್ಯರ ಆಯೋಗದಲ್ಲಿ ಒಂದೇ ಪಕ್ಷದವರು ಮೂವರಿಗಿಂತ ಹೆಚ್ಚು ಇರುವಂತಿಲ್ಲ, ಯಾವ ಮುಖ್ಯ ತೀರ್ಮಾನಕ್ಕೂ ನಾಲ್ಕು ಮತ ಬೇಕು. ಆದ್ದರಿಂದ ಇಂತಹ ಬಿರುಕುಗಳನ್ನು ಆಯೋಗ ತಾನಾಗಿ ಮುಚ್ಚುವುದು ಅಪರೂಪ, ಸಂಸತ್ತೇ ಕಾನೂನು ತರಬೇಕು. ಆಗಸ್ಟಿನ ಪ್ರೈಮರಿಗೆ ಮುಂಚಿನ ಕೊನೆಯ ವಾರಗಳಲ್ಲಿ ನಿಮಗೆ ಗುರುತಿಲ್ಲದ ಹೆಸರಿನ ಸಂಸ್ಥೆಯ ಖರ್ಚು ಯಾವುದಾದರೂ ಕ್ಷೇತ್ರದಲ್ಲಿ ಕಂಡುಬಂದರೆ, ಅದರ ನೋಂದಣಿ ದಿನಾಂಕವನ್ನು ಮೊದಲು ನೋಡಿ, ಮುಂದಿನ ವರದಿ ಬರುವ ದಿನವನ್ನು ಗುರುತು ಹಾಕಿಕೊಂಡು, ಅಂದು ದೇಣಿಗೆದಾರರ ಪಟ್ಟಿಯನ್ನು ತೆರೆದು ನೋಡಿ.